ತಗಡು ಹೊದಿಸಿದ ತಕ್ಕಡಿ

ಮಧುಗಿರಿಯ ನಾಗಭೂಷಣ್ ಎಲೆಕ್ಟ್ರಾನಿಕ್ ತಕ್ಕಡಿ ರಿಪೇರಿ ಮಾಡುವವನು. ಮದುವೆ ಮನೆಗೆ ಹೋದರೂ ಜೇಬಿನಲ್ಲೊಂದು ಟೆಸ್ಟರ್ ಇರಲೇಬೇಕು. "ತಿನ್ನೋಕೆ ಮುಂಚೆ ಲಾಡು ತೂಗ್ತೀಯೇನಯ್ಯಾ?" ಎಂದು ನಾವೆಲ್ಲ ರೇಗಿಸಿದರೆ ನಗುತ್ತಿದ್ದನೇ ಹೊರತು ಕೋಪ ಮಾಡಿಕೊಂಡವನಲ್ಲ. ಅವನು ಕೈಯಿಟ್ಟ ತಕ್ಕಡಿ ಎಂದರೆ ಸುತ್ತಲಿನ ಹಳ್ಳಿಯವರು ಎರಡು ಮಾತಾಡುತ್ತಿರಲಿಲ್ಲ. ಬದುಕಿನಲ್ಲಿ ಅವನು ಗಳಿಸಿದ್ದು ಆ ನಂಬಿಕೆಯೊಂದನ್ನೇ.

ಪುರವರದಲ್ಲಿ ಹುಣಸೆ ಮಂಡಿ ಇಟ್ಟಿರುವ ಪ್ರಸನ್ನ ಕುಮಾರ್ ಅವನ ಬಾಲ್ಯದ ಗೆಳೆಯ, ಇಬ್ಬರೂ ಒಂದೇ ಬೆಂಚಿನಲ್ಲಿ ಕೂತು ಓದಿದವರು. ಊರಿನ ಹೆಂಗಸರು ಮಂಡಿಯಿಂದ ಹುಣಸೆಹಣ್ಣು ಒಯ್ದು, ಮನೆಯಲ್ಲಿ ಕುಟ್ಟಿ, ಬೀಜ ಬಿಡಿಸಿ ತಂದುಕೊಟ್ಟರೆ ತೂಕದ ಮೇಲೆ ಕೂಲಿ. ಅವರಲ್ಲಿ ಚಿಕ್ಕಲಕ್ಷ್ಮಮ್ಮನ ಬಾಯಿ ಸ್ವಲ್ಪ ಜೋರು. "ತಲೆ ಮ್ಯಾಲಿದ್ದ ಭಾರ ಈ ಮಿಷನ್ ಮ್ಯಾಲೆ ಇಟ್ಟೇಟ್ಗೆ ಎಲ್ಲೋಯ್ತದೆ?" ಎಂದು ಒಮ್ಮೆ ಜಗಳ ತೆಗೆದಿದ್ದಳು. ಆಗ ಸಮಾಧಾನ ಮಾಡಿದವನು ನಾಗಭೂಷಣನೇ. "ನಾನು ನೋಡಿರೋ ಮಿಷನ್ ಕಣಮ್ಮ. ತಪ್ಪಿದ್ರೆ ನನ್ನ ಕೇಳು" ಎಂದಿದ್ದ. ಅವನ ಮುಖ ನೋಡಿ ಅವಳು ಸುಮ್ಮನಾದಳು.

ಅದಾದ ಮೇಲೆ ಮಂಡಿಯ ತಕ್ಕಡಿಯ ಹತ್ತಿರ ಯಾರಿಗಾದರೂ ಫೋನ್ ಬಂದರೆ ಸಾಕು, ಅಂಕಿಗಳು ಕುಣಿಯತೊಡಗಿದವು. ಸರಿಮಾಡಲು ಪ್ರಸನ್ನನೇ ಕರೆಸಿದ. ಫೋನಿನ ಅಲೆ ಒಳಗೆ ನುಗ್ಗುತ್ತಿದೆ ಎಂದು ನಾಗಭೂಷಣನಿಗೆ ತಕ್ಷಣ ತಿಳಿಯಿತು. ಪೆಟ್ಟಿಗೆಯ ಒಳಮೈಗೆಲ್ಲ ತಾಮ್ರದ ತಗಡು ಹೊದಿಸಿದ. ಅಂಕಿ ಕಾಣುವ ಕಿಂಡಿಗೆ ಸಣ್ಣ ಜಾಲರಿ ಕೂರಿಸಿದ. ಮುಚ್ಚಳದ ಅಂಚಿನ ಬಣ್ಣ ಕೆರೆದು, ಲೋಹಕ್ಕೆ ಲೋಹ ತಾಗುವಂತೆ ಮಾಡಿ, ಅರ್ಥಿಂಗ್ ಕೊಟ್ಟ. ಒಳಗೆ ಉಗುರಿನಗಲದ ಬೋರ್ಡೊಂದು ಹೆಚ್ಚಿಗೆ ಕಂಡಿತ್ತು. ಕಂಪನಿಯವರೇ ಇಟ್ಟಿರಬೇಕು ಎಂದುಕೊಂಡ. ಬೇರೆಯವರ ಅಂಗಡಿಯಾಗಿದ್ದರೆ ಬಿಚ್ಚಿ ನೋಡುತ್ತಿದ್ದ. ಗೆಳೆಯನದಲ್ಲವೇ, ಕಣ್ಣಿಗೆ ಮಂಕು ಕವಿದಿತ್ತು.

ಮಾರನೇ ದಿನವೇ ಪ್ರಸನ್ನ ಫೋನಿನಲ್ಲಿ ಕೂಗಾಡಿದ. "ಲೇ, ಮಿಷನ್ ಕೆಡಿಸ್ಬುಟ್ಟೆ ಕಣ್ಲಾ!"

ನಾಗಭೂಷಣ್ ಓಡಿಹೋಗಿ ತೂಕದ ಕಲ್ಲಿಟ್ಟು ನೋಡಿದ. ಕೂದಲೆಳೆಯಷ್ಟೂ ತಪ್ಪಿಲ್ಲ. ಪಕ್ಕದಲ್ಲೇ ಫೋನ್ ರಿಂಗಾದರೂ ಅಂಕಿ ಅಲುಗಲಿಲ್ಲ.

"ಸರಿಯಾಗೇ ಐತಲ್ಲೋ!"

"ಆ ತಗಡು ಕಿತ್ತಾಕು. ಮೊದ್ಲು ಹೆಂಗಿತ್ತೋ ಅಂಗೇ ಮಾಡು."

ಸರಿಯಿರುವ ತಕ್ಕಡಿಯ ಮೇಲೆ ಇಷ್ಟು ಸಿಟ್ಟೇಕೆ? ನಾಗಭೂಷಣನಿಗೆ ಅನುಮಾನ ಮೂಡಿತು. ತಗಡು ತೆಗೆದು, ಹೆಂಗಸರು ಇಟ್ಟುಹೋಗಿದ್ದ ಬುಟ್ಟಿಯೊಂದನ್ನು ತಕ್ಕಡಿಯ ಮೇಲಿಟ್ಟ. ಪ್ರಸನ್ನನ ಕೈ ಮೆಲ್ಲಗೆ ಪ್ಯಾಂಟಿನ ಜೇಬಿಗೆ ಹೋಯಿತು. ಅಂಕಿ ಎರಡು ಕೆಜಿ ಇಳಿಯಿತು.

ನಾಗಭೂಷಣ್ ಆ ಕೈ ಹಿಡಿದೆಳೆದ. ಬೆರಳುದ್ದದ ರಿಮೋಟ್! ತಗಡು ತಡೆದದ್ದು ಫೋನಿನ ಅಲೆಯನ್ನಷ್ಟೇ ಅಲ್ಲ, ಒಳಗಿನ ಆ ಪುಟ್ಟ ಬೋರ್ಡಿಗೆ ಹೋಗುತ್ತಿದ್ದ ಇದರ ಅಲೆಯನ್ನೂ.

"ನನ್ನ ಮಾತು ನಂಬ್ಕೊಂಡಿದ್ರಲ್ಲೋ ಆ ಹೆಂಗಸ್ರು!"

ಪ್ರಸನ್ನನಿಗೆ ನಾಚಿಕೆಯಾದರೂ ಆಗಬೇಡವೇ? "ಅದ್ಕೇ ಅಲ್ವಾ ನಿನ್ನ ಕರೀತಿದ್ದಿದ್ದು? ನೀನು ನೋಡಿರೋ ಮಿಷನ್ ಅಂದ್ರೆ ಯಾರೂ ಉಸಿರೆತ್ತಲ್ಲ. ದೋಸ್ತಿಗೆ ಕರೀತಿದ್ದೆ ಅಂದ್ಕೊಂಡ್ಯಾ?"

ಕಳ್ಳತನಕ್ಕಿಂತ ಈ ಮಾತೇ ನನಗೆ ಇವತ್ತಿಗೂ ಹೊಟ್ಟೆ ಉರಿಸುತ್ತದೆ. ನಾಗಭೂಷಣ್ ರಿಮೋಟ್ ಕಿತ್ತುಕೊಂಡು ಅಂಗಳಕ್ಕೆ ಬಂದ. ನೆರಳಲ್ಲಿ ಕೂತಿದ್ದ ಹೆಂಗಸರಿಗೆ ಅದನ್ನು ತೋರಿಸಿ, ಒಂದೂ ಬಿಡದೆ ಹೇಳಿದ. ಬೈಸಿಕೊಳ್ಳಲು ತಯಾರಾಗಿಯೇ ನಿಂತಿದ್ದ.

ಚಿಕ್ಕಲಕ್ಷ್ಮಮ್ಮ ಬೈಯಲಿಲ್ಲ. ಮೆತ್ತಗೆ ಕೇಳಿದಳು:

"ನಿಂಗೆಷ್ಟು ಪಾಲು ಕೊಡ್ತಿದ್ದ, ನಾಗಣ್ಣ?"