ಗಿರಣಿ ಗಲಾಟೆ, ಹನ್ನೊಂದು ಸೆಕೆಂಡು

ಕೇಶವಮೂರ್ತಿಗೆ ಕರುಣೆ ಎಂಬುದಿಲ್ಲ. ಮುಂಬೈಯ ವಿಲೆ ಪಾರ್ಲೆಯ ಅವನ ಬಿಲ್ಡಿಂಗಿನಲ್ಲಿ ಈ ಬಗ್ಗೆ ಎರಡು ಮಾತಿಲ್ಲ. ಪಕ್ಕದ ಮನೆಯವರು ತೀರಿಹೋದ ತಂದೆಯ ಮದುವೆಯ ವೀಡಿಯೊ ಹಾಕಿ ಅಳುತ್ತ ಕೂತಿದ್ದಾಗ, ಅದರಲ್ಲಿದ್ದ ಗೋಡೆ ಕ್ಯಾಲೆಂಡರ್ ನೋಡಿ, ಮದುವೆ ನಡೆದದ್ದು ಅವರು ಹೇಳುವ ವರ್ಷವಲ್ಲ, ಮರುವರ್ಷ ಎಂದು ಸಾಬೀತು ಮಾಡಿ ಬಂದವನು. ಆ ಮನೆಯ ಹಿರಿಯ ಮಗ ತಾನು ಹುಟ್ಟಿದ ತಿಂಗಳನ್ನು ಲೆಕ್ಕ ಹಾಕಿ ನೋಡಿದ ಮೇಲೆ ಇವನಿಗೆ ಅಲ್ಲಿ ಕಾಫಿ ನಿಂತುಹೋಯಿತು.

ಡಾಕ್ಯುಮೆಂಟರಿ ತೆಗೆಯುವವರಿಗೆ ಹಳೆಯ ಫಿಲ್ಮಿನ ತುಣುಕು ಹುಡುಕಿಕೊಡುವುದು ಅವನ ಕೆಲಸ. ಯಾವ ಜಾಗ, ಯಾವ ದಿನ, ಯಾರ ಮುಖ ಎಂದು ಚೀಟಿ ಬರೆದು ಸಹಿ ಹಾಕಬೇಕು. ಮೂವತ್ತು ವರ್ಷಗಳಲ್ಲಿ ಅವನು 'ಸುಮಾರು' ಎಂಬ ಪದ ಬರೆದದ್ದಿಲ್ಲ.

ಹರಿಣಿ ಎಂಬ ತರುಣಿ ಪರೇಲಿನ ಬಟ್ಟೆಗಿರಣಿ ಮುಷ್ಕರದ ಮೇಲೆ ಚಿತ್ರ ಮಾಡುತ್ತಿದ್ದಳು. ಪರೇಲಿನಲ್ಲೇ ಅಂಗಡಿ ಇಟ್ಟಿದ್ದ ವಿಜಯಪುರ ಕಡೆಯ ಸಿದ್ದರಾಮಪ್ಪನ ಅಟ್ಟದಲ್ಲಿ ಕೇಶವಮೂರ್ತಿಗೆ ಒಂದು ರೀಲು ಸಿಕ್ಕಿತು. ಮೇಲೆ ಕನ್ನಡದಲ್ಲಿ 'ಗಿರಣಿ ಗಲಾಟೆ, ಪರೇಲ್' ಎಂದಿತ್ತು. ಹನ್ನೊಂದು ಸೆಕೆಂಡು: ಮುಚ್ಚಿದ ಬಾಗಿಲು, ಕೈಯೆತ್ತಿ ಕೂಗುವ ಜನ, ಅವರ ತಲೆಯ ಮೇಲೆ ತಗಡಿನ ಡಬ್ಬಿಗಳು. ಡಬ್ಬಿ ಬಡಿದು ಘೋಷಣೆ ಕೂಗುತ್ತಿದ್ದಾರೆ ಎಂದು ಹರಿಣಿ ಕುಣಿದಾಡಿದಳು. ಮುಂಬೈಯಲ್ಲಿ ಗಿರಣಿಯೆಂದರೆ ಬಟ್ಟೆಯದೇ ಎಂದು ಮೈಸೂರಿನ ಕೇಶವಮೂರ್ತಿಯೂ ನಂಬಿ ಸಹಿ ಹಾಕಿದ.

ಮುಖಗಳನ್ನು ಗುರುತಿಸಲು ಸಾಂತಾಕ್ರೂಜಿನ ಎಡಿಟಿಂಗ್ ಕೋಣೆಗೆ ಸೋಮವ್ವನನ್ನು ಕರೆತಂದರು. ಗಿರಣಿ ಕಾರ್ಮಿಕ ಶರಣಬಸಪ್ಪನ ವಿಧವೆ. ರೀಲು ಆರನೆಯ ಸೆಕೆಂಡಿಗೆ ಬಂದಿತ್ತು.

"ನಿಲ್ಲಸ್ರಿ! ನಮ್ಮ ಮನಿಯವ್ರು!"

"ವಾವ್, ಅಜ್ಜಿ! ಸ್ಟ್ರೈಕಲ್ಲಿ ಫ್ರಂಟಲ್ಲೇ ಇದಾರೆ!"

"ಎಲ್ಲೀ ಸ್ಟ್ರೈಕ್, ಯವ್ವಾ? ಇದು ಹಿಟ್ಟಿನ ಗಿರಣಿ. ಕರೆಂಟ್ ಹೋಗಿತ್ತ. ಮಂದಿ ಗೋಧಿ ಹೊತ್ಕೊಂಡು ಒದರಾಕ್ಹತ್ಯಾರ."

ಕೇಶವಮೂರ್ತಿ ನಿಂತ ನಿಲುವಿನಲ್ಲೇ ಚೀಟಿ ಹರಿದ.

"ಅಂಕಲ್, ಪ್ಲೀಸ್! ಡಬ್ಬಾ ಬ್ಲರ್ ಮಾಡ್ತೀನಿ. ಕಿಸೀಕೋ ಕ್ಯಾ ಪತಾ? ಯಾರಿಗ್ ಗೊತ್ತಾಗುತ್ತೆ?"

"ಬ್ಲರ್ ಮಾಡಿದ್ರೂ ಅದು ಗೋಧಿನೇ ಕಣಮ್ಮ."

ಹರಿಣಿ ನಿರ್ಮಾಪಕರಿಗೆ ಫೋನ್ ಮಾಡಲು ಬಾಗಿಲು ಬಡಿದು ಹೊರಗೆ ಹೋದಳು. ಸೋಮವ್ವ ಪರದೆಯ ಹತ್ತಿರಕ್ಕೆ ಕುರ್ಚಿ ಎಳೆದುಕೊಂಡಳು.

"ಅವತ್ತು ಸಂಜೀಕ ಅಂವಾ ಬೀಸದ ಗೋಧಿ ಡಬ್ಬಿ ಹಂಗ ತಗೊಂಡು ಬಂದ. ದಿನಪೂರ್ತಿ ಸಾಲಿನಾಗ ನಿಂತಿದ್ದೆ ಅಂದ. ಸುಳ್ಳ, ಇಸ್ಪೀಟ್ ಆಡಾಕ ಹೋಗಿದ್ದಿ ಅಂತ ನಾ ಅಂದೆ. ಮಂದಿ ಮುಂದ ಕಳ್ಳಾ ಅಂದೆ. ಸಾಯೂತನಕ ಅದನ್ನ ಹೇಳಿ ಹೇಳಿ ಅಂವಾ ನೊಂದ್ಕೊಂಡ. ನಿಂತಿದ್ದು ಖರೇ ಐತಿ ನೋಡ್ರಿ! ಮುಂದ ಬಿಡ್ರಿ, ಕೊನೀತನಕ ನಿಂತಾನೇನು ನೋಡ್ತೀನಿ."

ಆ ರೀಲನ್ನು ನಲವತ್ತು ಸಲ ನೋಡಿದ್ದ ಕೇಶವಮೂರ್ತಿಗೆ ಮುಂದಿನದು ಗೊತ್ತಿತ್ತು. ಏಳನೆಯ ಸೆಕೆಂಡಿಗೆ ಶರಣಬಸಪ್ಪ ಡಬ್ಬಿಯನ್ನು ಸಾಲಿನಲ್ಲಿ ಇಳಿಸುತ್ತಾನೆ. ಒಂಬತ್ತಕ್ಕೆ ಪಕ್ಕದ ಕಟ್ಟೆ ಹತ್ತುತ್ತಾನೆ. ಹತ್ತಕ್ಕೆ ಅವನ ಕೈಗೆ ಇಸ್ಪೀಟಿನ ಎಲೆ ಬರುತ್ತದೆ.

ಕೇಶವಮೂರ್ತಿ ಕನ್ನಡಕ ತೆಗೆದು ಒರೆಸಿದ. ಮತ್ತೆ ಹಾಕಿಕೊಂಡು ಮೆಷಿನ್ ಆರಿಸಿದ.

"ಇರೋದು ಇಷ್ಟೇ ಸೋಮವ್ವ," ಎಂದ. "ಕೊನೇವರೆಗೂ ನಿಂತಿದ್ದಾರೆ."