ಅಕ್ಕನನ್ನು ಕೂಡಿಸಿದ್ದು

ಬೆಳಿಗ್ಗೆ ಮೊಣಕಾಲಿಗೆ ಮುಲಾಮು ತಿಕ್ಕಿಕೊಳ್ಳುತ್ತಿದ್ದೆ. ಅದರ ಘಾಟಿಗೆ ಅಕ್ಕ ನೆನಪಾದಳು. ಕುರುಗೋಡಿನ ನಮ್ಮ ಮನೆಗೆ ಅವಳಿಗಿಂತ ಮೊದಲು ಈ ವಾಸನೆ ಬರುತ್ತಿತ್ತು. ಗಂಡನ ಊರು ದೇಶನೂರಿನ ಗದ್ದೆಗಳಲ್ಲಿ ಭತ್ತದ ಸಸಿ ಹಚ್ಚಿ ಹಚ್ಚಿ ಸವೆದ ಮೊಣಕಾಲುಗಳು ಅವಳವು. ಬಳ್ಳಾರಿಯ ಡಾಕ್ಟರು ಎಕ್ಸ್‌ರೇ ನೋಡಿ, "ಇನ್ನು ನೆಲದ ಮೇಲೆ ಕೂರಬೇಡಿಯಮ್ಮ, ಕುರ್ಚಿಯೇ ಗತಿ" ಎಂದಿದ್ದರು.

"ಆತ್ರಿ. ಸತ್ತ ಮ್ಯಾಲೆ ಹೆಂಗೂ ಕೂಡಸ್ತಾರ, ಆವಾಗ ಕುಂದರತೀನಿ" ಎಂದು ಅಕ್ಕ ನಕ್ಕಳು.

ಡಾಕ್ಟರಿಗೆ ತಿಳಿಯಲಿಲ್ಲ. ನಿಮಗೂ ತಿಳಿಯದಿದ್ದರೆ ಹೇಳುತ್ತೇನೆ. ನಮ್ಮಲ್ಲಿ ಸತ್ತವರನ್ನು ಮಲಗಿಸುವುದಿಲ್ಲ. ವಿಭೂತಿ ಹಚ್ಚಿ, ಕಾಲು ಮಡಚಿ ಕೂಡಿಸುತ್ತೇವೆ, ಕೂತಂತೆಯೇ ಮಣ್ಣು ಮಾಡುತ್ತೇವೆ. ಮೈ ಸೆಟೆಯುವ ಮೊದಲೇ ಕೂಡಿಸಬೇಕು.

ಅಕ್ಕನ ಉಸಿರು ನಿಂತದ್ದು ಬಳ್ಳಾರಿಯ ಒಂದು ಆಸ್ಪತ್ರೆಯಲ್ಲಿ, ನಸುಕಿಗೆ. ಯಂತ್ರದ ಗೆರೆ ನೆಟ್ಟಗಾಯಿತು. ನರ್ಸಮ್ಮನೇ ಕಣ್ಣು ಮುಚ್ಚಿಸಿದಳು.

"ಒಯ್ತೀವ್ರಿ ಯವ್ವಾ, ಮೈ ಸೆಟೀತೈತಿ" ಎಂದು ಭಾವ ಕೈಮುಗಿದ.

"ದೊಡ್ಡ ಡಾಕ್ಟ್ರು ಬಂದು ನೋಡಬೇಕ್ರಿ. ಅಲ್ಲೀತನಕ ಸತ್ತಂಗಲ್ಲ."

"ಸತ್ತಿಲ್ಲಂದ್ರ ಎಬ್ಬಸ್ರಿ ಮತ್ತ!"

ದೊಡ್ಡ ಡಾಕ್ಟರು ಬಂದಾಗ ನೆತ್ತಿಯ ಮೇಲೆ ಬಿಸಿಲು. ಎದೆಗೆ ಸ್ಟೆತಸ್ಕೋಪು ಇಟ್ಟರು, ಕಣ್ಣಿಗೆ ಬೆಳಕು ಬಿಟ್ಟರು, ಕೈಗಡಿಯಾರ ನೋಡಿಕೊಂಡು ಆ ಹೊತ್ತನ್ನೇ ಸಾವಿನ ಹೊತ್ತೆಂದು ಬರೆದರು. ಹೀಗೆ ವೈದ್ಯಶಾಸ್ತ್ರ ಅಕ್ಕನಿಗೆ ಅರ್ಧ ದಿನದ ಆಯುಷ್ಯ ಕೊಟ್ಟಿತು. ಅಷ್ಟರಲ್ಲಿ ಅವಳ ಕಾಲು ಕೊರಡಾಗಿದ್ದವು.

ಕೇಳಿದರೆ, "ಅದು ಸಹಜ. ಒಂದೆರಡು ದಿನದಲ್ಲಿ ತಾನೇ ಸಡಿಲಾಗುತ್ತದೆ" ಎಂದರು.

ಯಾವ ಸ್ನಾಯು ಯಾವಾಗ ಬಿಗಿಯುತ್ತದೆ, ಯಾವಾಗ ಬಿಡುತ್ತದೆ ಎಲ್ಲವೂ ಅವರಿಗೆ ಗೊತ್ತು. ಗೊತ್ತಿಲ್ಲದವರಾಗಿದ್ದರೆ ಕ್ಷಮಿಸುತ್ತಿದ್ದೆ. ಗೊತ್ತಿದ್ದೂ ಕಾಯಿಸಿದರು. ನನ್ನ ಹೊಟ್ಟೆಯ ಉರಿ ಆರದಿರುವುದು ಅದಕ್ಕೇ.

ದೇಶನೂರಿನ ಅಂಗಳದಲ್ಲಿ ಬಿಸಿನೀರು ಸುರಿದೆವು, ಎಣ್ಣೆ ತಿಕ್ಕಿದೆವು. ಕಾಲು ಬಾಗಲಿಲ್ಲ. ಪಕ್ಕದ ಮನೆಯ ಗಟ್ಟಿ ಆಳೊಬ್ಬ ಮೊಣಕಾಲ ಮೇಲೆ ಭಾರ ಬಿಟ್ಟ. ಲಟಕ್ಕೆಂದಿತು.

"ಮೆಲ್ಲಕ ಲೇ!" ಭಾವ ಚೀರಿದ. "ಆಕಿ ಮೊಣಕಾಲು ನೋಯ್ತಾವು!"

ಯಾರೂ ಅವನನ್ನು ತಿದ್ದಲಿಲ್ಲ. ಆಮೇಲೆ ಯಾರಿಗೂ ಒತ್ತುವ ಧೈರ್ಯವೂ ಆಗಲಿಲ್ಲ. ಅರ್ಧ ಮಡಚಿದ ಕಾಲುಗಳನ್ನು ಬಟ್ಟೆಯಿಂದ ಬಿಗಿದು, ಹಾಗೆಯೇ ಗೋಡೆಗೆ ಒರಗಿಸಿ ಕೂಡಿಸಿದೆವು.

ಈಗ ನನಗೂ ಕುರ್ಚಿಯೇ ಗತಿಯಂತೆ. ಇವತ್ತು ಮುಲಾಮಿನ ಕೈ ಒರೆಸಿಕೊಂಡು ಕುರ್ಚಿಯನ್ನು ಬಾಗಿಲಾಚೆ ಎಸೆದೆ. ಗೋಡೆಗೆ ಒರಗಿ ನೆಲಕ್ಕೆ ಇಳಿದೆ. ಮೊಣಕಾಲು ಲಟಕ್ಕೆಂದಿತು. ಮೆಲ್ಲಕ ಅನ್ನುವವರು ಯಾರೂ ಇರಲಿಲ್ಲ. ನಾನೂ ಅನ್ನಲಿಲ್ಲ. ಪೂರ್ತಿ ಮಡಚಿ ಕೂತೆ.