ಅನುಬಂಧದ ಮೂರನೆಯ ಪುಟ

ಹನ್ನೆರಡು ವರ್ಷ ಪತ್ರಿಕೆಯ ಡೆಸ್ಕಿನಲ್ಲಿ ಕೂತವಳು ನಾನು. ಯಾರು ಏನೇ ಹೇಳಲಿ, ಅದರ ಜೊತೆ ಹೆಸರು, ವಯಸ್ಸು, ಊರು ಇರಲೇಬೇಕು. ಇಲ್ಲದಿದ್ದರೆ ಆ ಹೇಳಿಕೆಯನ್ನು ಪುಟಕ್ಕೆ ಬಿಡುತ್ತಿರಲಿಲ್ಲ. ನಲವತ್ತು ದಾಟಿದ ಮೇಲೆ ಕೆಲಸ ಬಿಟ್ಟು ಹೈದರಾಬಾದಿನ ವಿಶ್ವವಿದ್ಯಾಲಯವೊಂದರಲ್ಲಿ ಪಿಎಚ್‌ಡಿಗೆ ಸೇರಿದಾಗ ಈ ಚಾಳಿಯೂ ಜೊತೆಗೇ ಬಂತು.

ನನ್ನ ಗೈಡ್ ಅಮೆರಿಕನ್ ಸಾಹಿತ್ಯದ ಪ್ರಾಧ್ಯಾಪಕಿ, ಧಾರವಾಡದ ಕಡೆಯವರು. ಅಮೆರಿಕದ ವಿಶ್ವವಿದ್ಯಾಲಯಗಳು ಯಾರಿಂದ ಕಿತ್ತುಕೊಂಡ ನೆಲದ ಮೇಲೆ ಎದ್ದವು, ಅಲ್ಲಿ ಓದಿದ ಲೇಖಕಿಯರು ಅದನ್ನು ಯಾಕೆ ಬರೆಯಲಿಲ್ಲ ಎಂಬ ಪ್ರಶ್ನೆಯ ಬೆನ್ನು ಹತ್ತಿದ್ದರು. ಅದನ್ನೇ ನಮ್ಮ ಕ್ಯಾಂಪಸ್ಸಿನ ಬಗ್ಗೆಯೂ ಕೇಳು ಎಂದು ನನ್ನನ್ನು ಹಿಂಬದಿ ಕಾಂಪೌಂಡಿನ ತಗಡಿನ ಶೆಡ್ಡುಗಳಿಗೆ ಕಳಿಸಿದರು. ಹಾಸ್ಟೆಲ್ ಕಟ್ಟುತ್ತಿದ್ದ ಯಾದಗಿರಿ ಕಡೆಯ ಹೆಂಗಸರು ಅಲ್ಲಿದ್ದರು.

ಏಳನೆಯ ಶೆಡ್ಡಿನಾಕೆ ಮಾತಾಡಿದಳು. ನೋಟಿಸಿನ ಕಾಗದವೂ ಇಲ್ಲದೆ ತಮ್ಮನ್ನು ಎರಡು ಸಲ ಶೆಡ್ಡಿನಿಂದ ಎಬ್ಬಿಸಿದ್ದು, ಮೊದಲ ಸಲ ಒಲೆ ಆರುವ ತನಕವೂ ಕಾಯದೆ ಜೆಸಿಬಿ ತಂದಿದ್ದು, ಯಾವ ಸಾಹೇಬರು ನಿಂತು ನೋಡಿದರು ಎಂಬುದು, ಎಲ್ಲವನ್ನೂ ಹೇಳಿದಳು.

ಕೊನೆಗೆ, "ನನ್ನ ಹೆಸರು ಬರೀಬ್ಯಾಡ್ರಿ ಅಕ್ಕಾರ. ಗೊತ್ತಾದ್ರ ಅವತ್ತ ಹೊರಗ ಹಾಕ್ತಾರ," ಎಂದಳು. ನಾನು ಒಪ್ಪಿದೆ.

ಆಕೆಯ ಮಾತಿದ್ದ ಅಧ್ಯಾಯದಲ್ಲಿ ಹೆಸರು ಬದಲಿಸಿದೆ. ಆದರೆ ಅನುಬಂಧದಲ್ಲಿ ಮಾತಾಡಿದವರ ಪಟ್ಟಿಯನ್ನು ಕೈ ತಾನಾಗಿಯೇ ಬರೆಯಿತು: ಹೆಸರು, ವಯಸ್ಸು, ಊರು, ಶೆಡ್ ನಂಬರು. ಸ್ಪೈರಲ್ ಹಾಕಿಸಿ, ಪಿಎಚ್‌ಡಿ ಕಮಿಟಿಯವರಿಗೆಂದು ಪ್ರತಿಗಳನ್ನು ವಿಭಾಗದ ಆಫೀಸಿಗೆ ಕೊಟ್ಟೆ.

ಮರುದಿನ ಬೆಳಿಗ್ಗೆ ಮೆಹದಿಪಟ್ಟಣಂನಲ್ಲಿ ಬಸ್ಸಿಗೆ ನಿಂತಿದ್ದಾಗ ನನ್ನ ಗೈಡ್ ಮೇಡಂ ಫೋನ್ ಬಂತು.

"ಅನುಬಂಧ ತಗದಿಯೇನು?"

ಬ್ಯಾಗಿನಲ್ಲಿದ್ದ ನನ್ನ ಪ್ರತಿ ತೆರೆದು ನೋಡಿದೆ: ಅನುಬಂಧದ ಮೂರನೆಯ ಪುಟದಲ್ಲಿ ಆಕೆಯ ನಿಜವಾದ ಹೆಸರೇ ಇತ್ತು.

"ಕಮಿಟಿಯೊಳಗ ಜಮೀನು ನೋಡೋರು ಅದಾರವಾ," ಎಂದರು, ಮೆಲ್ಲಗೆ.

ಕ್ಯಾಂಪಸ್ ಜಮೀನಿನ ಉಸ್ತುವಾರಿ ಹೊತ್ತಿದ್ದ ಆ ಪ್ರಾಧ್ಯಾಪಕರೇ ಏಳನೆಯ ಶೆಡ್ಡಿನಾಕೆ ಹೇಳಿದ ಸಾಹೇಬರು. ಆಫೀಸಿಗೆ ಹೋದರೆ ಅವರ ಪ್ರತಿ ಹಿಂದಿನ ದಿನವೇ ಅವರ ಕೋಣೆಗೆ ಹೋಗಿತ್ತು. ಪುಟಗಳು ಹಿಂದುಮುಂದಾಗಿವೆ ಎಂದು ಮೇಡಂ ಆ ಪ್ರಾಧ್ಯಾಪಕರ ಕೋಣೆಗೇ ಹೋಗಿ ವಾಪಸ್ ಕೇಳಿದರು. ಅವರು ನಕ್ಕು ಕೊಟ್ಟರಂತೆ. ಓದಿದ್ದರೋ ಇಲ್ಲವೋ, ಆ ನಗೆಯಿಂದ ತಿಳಿಯಲಿಲ್ಲ.

ಮಧ್ಯಾಹ್ನ ಏಳನೆಯ ಶೆಡ್ಡಿಗೆ ಹೋಗಿ ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಆಕೆ ರೊಟ್ಟಿ ಬಡಿಯುತ್ತಿದ್ದಳು. ಕೈ ನಿಂತಿತು.

"ಓದ್ಯಾರೇನ್ರಿ ಅವ್ರು?"

"ಗೊತ್ತಿಲ್ಲ."

ಬೈಯುತ್ತಾಳೆಂದು ಕಾದೆ. ಆಕೆ ಹಂಚಿನ ಮೇಲಿದ್ದ ರೊಟ್ಟಿ ತಿರುವಿ ಹಾಕಿ ಹೇಳಿದಳು: "ಅವ್ರು ಬಂದು ಎಬ್ಬಿಸೋತನಕ ಕುಂದ್ರೂದು ಇನ್ನ ನನ್ನ ಕಡಿಂದ ಆಗೂದಿಲ್ರಿ."

ಮರುದಿನ ಹೋದಾಗ ಶೆಡ್ಡಿನಲ್ಲಿ ಮೂರು ಒಲೆಗಲ್ಲು ಮಾತ್ರ ಇದ್ದವು. ಸಿಕಂದರಾಬಾದಿನಿಂದ ರೈಲು ಹತ್ತಿದಳು ಎಂದು ಪಕ್ಕದ ಶೆಡ್ಡಿನವರು ಹೇಳಿದರು. ಆಕೆಯನ್ನು ಹುಡುಕಿಕೊಂಡು ಯಾರೂ ಬರಲಿಲ್ಲ. ಅನುಬಂಧ ತೆಗೆದು ಕೊಟ್ಟ ಮೇಲೆ ಕಮಿಟಿ ನನ್ನ ಅಧ್ಯಾಯಗಳನ್ನು ಒಪ್ಪಿತು.

ಆ ಸಾಹೇಬರಿಂದ ವಾಪಸ್ ಬಂದ ಪ್ರತಿ ನನ್ನ ಬಳಿ ಇದೆ. ಮೊದಲ ಎರಡು ಅಧ್ಯಾಯಗಳಲ್ಲಿ ಅಲ್ಲಲ್ಲಿ ಪೆನ್ಸಿಲ್ ಗೆರೆಗಳಿವೆ. ಅನುಬಂಧದಲ್ಲಿ ಒಂದೂ ಇಲ್ಲ.